ಪುಸ್ತಕದಲ್ಲಿಲ್ಲದ ಬೋಗಿ

ಥರ್ಮನ್ ಹೇವರ್ಟಿ ಅಂದರೆ ಪಿಟ್ಸ್‌ಬರ್ಗಿನಲ್ಲಿ ಯಾರಿಗೂ ಗೊತ್ತಾಗುತ್ತಿರಲಿಲ್ಲ. ಉಕ್ಕುಗೈ ಅಂದರೆ ಮಾತು ಬಾರದ ಕೂಸಿಗೂ ಗೊತ್ತು. ಉಕ್ಕಿನ ಕಾರ್ಖಾನೆಯ ಕುಲುಮೆ ಸಿಡಿದ ದಿನ ಅವನ ಕೈಗಳಿಗೆ ಹೊಕ್ಕ ಬಲ ವಯಸ್ಸು ಅರವತ್ತೈದು ದಾಟಿದರೂ ಪೂರಾ ಇಳಿದಿರಲಿಲ್ಲ. ಅವನ ಸಾಹಸಗಳ ಚಿತ್ರಕಾದಂಬರಿ ಇನ್ನೂ ಅಚ್ಚಾಗುತ್ತಲೇ ಇತ್ತು. ಅದರಲ್ಲಿ ಅವನ ಹಗೆ ಈಡಿತ್ ಕ್ರಾಸ್ನರ್‌ಗೆ ಕೊಕ್ಕೆಮೂಗು, ಹಸಿರು ಕಣ್ಣು, ಸೇತುವೆ ಉರುಳಿಸುವಾಗ ಊರಿಗೆಲ್ಲ ಕೇಳುವ ಕೇಕೆ.

ನಿಜದ ಈಡಿತ್ ಗಿಡ್ಡನೆಯ ಮೆಲುಮಾತಿನ ಹೆಂಗಸು. ಯಂತ್ರಗಳ ನಕ್ಷೆ ಬರೆಯುತ್ತಿದ್ದಳು. ಕುಲುಮೆಯಲ್ಲಿ ಥರ್ಮನ್‌ನ ಜೊತೆ ದುಡಿಯುತ್ತಿದ್ದ ಲೆನಾರ್ಡ್‌ನ ಹೆಂಡತಿ. ಎಷ್ಟೋ ಭಾನುವಾರ ಅವಳ ಕೈಯ ಊಟ ಉಂಡವನು ಥರ್ಮನ್.

ಅವಳು ಜೈಲು ಸೇರಿ ಇಪ್ಪತ್ತೆಂಟು ವರ್ಷವಾಗಿತ್ತು. ಬಿಡುಗಡೆಯ ವಿಚಾರಣೆಗೆ ಸಾಕ್ಷಿಯಾಗಿ ಉಳಿದವನು ಥರ್ಮನ್ ಒಬ್ಬನೇ. ಅದಕ್ಕೆ ಮುಂಚೆ ಅವಳನ್ನು ಕಾಣಲು ಹೋದ.

"ಬಾರಯ್ಯ ಮಹಾವೀರ, ಕೂತ್ಕೊ. ಕುರ್ಚಿ ಮುರೀಬೇಡ, ಸರ್ಕಾರದ್ದು."

"ನಿನ್ನ ಬಿಟ್ಬಿಡಿ ಅಂತ ಹೇಳೋಕೇ ಬಂದಿದೀನಿ, ಈಡಿತ್."

"ಪುಣ್ಯ ಕಟ್ಕೊಳ್ಳೋಕಾ?" ಜೈಲಿನ ವಾಚನಾಲಯದಿಂದ ತಂದ ಚಿತ್ರಕಾದಂಬರಿಯನ್ನು ತೆರೆದು ಅವನ ಮುಂದೆ ತಳ್ಳಿದಳು. ಸೇತುವೆಯಿಂದ ಜಾರುತ್ತಿದ್ದ ರೈಲುಬೋಗಿಯನ್ನು ಉಕ್ಕುಗೈ ತಡೆಹಿಡಿದಿದ್ದ ಪುಟ. "ಇಲ್ಲಿ ಒಂದೇ ಬೋಗಿ ಇದೆ. ಇನ್ನೊಂದೆಲ್ಲಿ?"

ಆ ದಿನ ಅಪಘಾತದಲ್ಲಿ ಜಾರಿದ್ದು ಎರಡು. ಹತ್ತಿರದ್ದರಲ್ಲಿ ಲೆನಾರ್ಡ್‌ ಸೇರಿ ಹದಿನೇಳು ಕಾರ್ಮಿಕರು. ದೂರದ್ದರಲ್ಲಿ ಮೇಯರನ ಮಗಳು, ಊರಿನ ದೊಡ್ಡವರು. ಥರ್ಮನ್ ದೂರದ್ದಕ್ಕೆ ಓಡಿದ್ದ; ಹತ್ತಿರದ್ದರಲ್ಲಿದ್ದವರು ಯಾರೂ ಉಳಿಯಲಿಲ್ಲ.

"ಎರಡನ್ನೂ ಹಿಡಿಯೋಕೆ ಆಗ್ತಿರಲಿಲ್ಲ," ಎಂದ.

"ಒಪ್ಪಿದೆ. ಹತ್ತಿರದ್ದನ್ನ ದಾಟಿ ಯಾಕೋ ಹೋದೆ? ನಾನು ಕೇಳಿದ್ದು ಅಷ್ಟೇ. ಕೋರ್ಟಲ್ಲಿ ಕೇಳ್ದೆ, ಪೇಪರಿನೋರನ್ನ ಕೇಳ್ದೆ. ಹುಚ್ಚಿ ಅಂದ್ರು. ಆಮೇಲೇನೇ ನಾನು ಒಂದೊಂದೇ ಸೇತುವೆ ಬೀಳಿಸಿದ್ದು. ಮೂರನೇದರ ಮೇಲೆ ಕಾವಲುಗಾರ ಇದ್ದ, ನಂಗೆ ಗೊತ್ತಿರಲಿಲ್ಲ, ಸತ್ತ. ಆ ಪಾಪ ನಂದು, ತೊಳೆದ್ರೂ ಹೋಗಲ್ಲ. ನಿಂದನ್ನ ನೀನು ಹೇಳು, ಇವತ್ತು, ವಿಚಾರಣೆ ಮಾಡೋರೆದುರಿಗೆ. ನನ್ನ ಬಿಡಿಸೋದೇನೂ ಬೇಡ."

"ಹೇಳ್ತೀನಿ." ಆ ಗಳಿಗೆಯಲ್ಲಿ ಅವನಿಗೆ ನಿಜವಾಗಿಯೂ ಹೇಳುವ ಮನಸ್ಸಿತ್ತು.

ವಿಚಾರಣೆಯ ಕೋಣೆಯಲ್ಲಿ ಬಿಡುಗಡೆ ಮಂಡಳಿಯ ಮುಖ್ಯಸ್ಥೆ ಎದ್ದು ಬಂದು ಅವನ ಎರಡೂ ಕೈ ಹಿಡಿದುಕೊಂಡಳು. "ನಮ್ಮಮ್ಮ ಆ ಬೋಗೀಲಿದ್ರು, ಸಾರ್. ಅಮ್ಮನ್ನ ನಮಗೆ ಉಳಿಸಿಕೊಟ್ರಿ." ಅವಳ ಕಣ್ಣು ತುಂಬಿದ್ದವು. ಮಂಡಳಿಯ ಉಳಿದ ನಾಲ್ವರೂ ಎದ್ದು ನಿಂತರು. ಥರ್ಮನ್‌ನ ಬೆನ್ನು ತಾನಾಗಿ ನೆಟ್ಟಗಾಯಿತು.

"ಹೇಳಿ ಸಾರ್, ಈಕೆನ ಬಿಟ್ರೆ ಅಪಾಯ ಇದೆಯಾ?"

ಈಡಿತ್ ಅವನನ್ನೇ ನೋಡುತ್ತಿದ್ದಳು, ಕಣ್ಣು ಮಿಟುಕಿಸದೆ.

"ಇದೆ," ಎಂದ. "ಇವಳು ಬದಲಾಗಿಲ್ಲ. ಹಳೇ ಸುಳ್ಳನ್ನೇ ಹೇಳ್ತಿದಾಳೆ."

ಅವಳು ಕೂಗಾಡಲಿಲ್ಲ. ಪೇದೆಗಳು ಎಬ್ಬಿಸಿದಾಗ, "ಲೆನಾರ್ಡ್ ನಿನ್ನನ್ನ ಅಣ್ಣ ಅಂತಿದ್ದ ಕಣೋ," ಎಂದಳು, ಅಷ್ಟೇ.

ಮುಂದಿನ ಮಾರ್ಚಿನಲ್ಲಿ, ಜೈಲಿನಲ್ಲೇ, ನ್ಯುಮೋನಿಯಾ ಅವಳನ್ನು ಕೊಂಡೊಯ್ದಿತು. ಅವಳ ಭೇಟಿಗೆ ಬಂದವರ ಪುಸ್ತಕದಲ್ಲಿದ್ದದ್ದು ಒಂದೇ ಹೆಸರು. ಜೈಲಿನವರು ಅವನಿಗೇ ಫೋನ್ ಮಾಡಿದರು.

"ದೇಹ ತಗೊಂಡು ಹೋಗ್ತೀರಾ, ಸಾರ್? ಸಂಬಂಧಿಕರು ಯಾರೂ ಇಲ್ಲ."

"ನಾನೂ ಅಲ್ಲ," ಎಂದು ಥರ್ಮನ್ ಫೋನ್ ಇಟ್ಟ. ಜೈಲಿನವರೇ ಅವಳನ್ನು ಮಣ್ಣು ಮಾಡಿದರು.