ಹಾಜರಿ ಪುಸ್ತಕದ ಐದು ಗಂಟೆ

ಮಧುಗಿರಿಯ ಕಡಲೆಕಾಯಿ ಮಿಲ್ಲಿನಲ್ಲಿ ಇನಾಯತುಲ್ಲಾ ರೈಟರಾಗಿ ಸೇರಿ ಆರು ವರ್ಷವಾಗಿತ್ತು. ಹಾಜರಿ ಹಾಕುವುದು, ಗಂಟೆಯ ಲೆಕ್ಕ ಬರೆಯುವುದು, ಶನಿವಾರ ಕೂಲಿ ಬಟವಾಡೆ ಮಾಡುವುದು ಅವನ ಕೆಲಸ. ಸುಗ್ಗಿಯಲ್ಲಿ ಎಂಟಕ್ಕೆ ಬಂದ ಹೆಂಗಸರು ಕಾಯಿ ಒಡೆಯುವ ಯಂತ್ರದ ಮುಂದೆ ಸಂಜೆ ಏಳರವರೆಗೂ ದುಡಿಯುತ್ತಿದ್ದರು. ಸಿಗುತ್ತಿದ್ದದ್ದು ದಿನಕ್ಕೆ ಅದೇ ಒಂದು ರೂಪಾಯಿ. ಪುಸ್ತಕದಲ್ಲಿ ಮಾತ್ರ ಎಲ್ಲರೂ ಐದಕ್ಕೇ ಮನೆಗೆ ಹೋಗಿರುತ್ತಿದ್ದರು. ಹೆಚ್ಚಿನ ಗಂಟೆಗೆ ಎರಡರಷ್ಟು ಕೂಲಿ ಕೊಡಬೇಕೆಂದು ಕಾನೂನಿತ್ತು.

"ಬೆಳಗ್ಗೇನೇ ಐದು ಅಂತ ಬರ್ದು ಹೆಬ್ಬೆಟ್ಟು ಒತ್ತಿಸ್ಕೊಂಬುಡು" ಎಂದಿದ್ದರು ಸಾಹುಕಾರ ಮಲ್ಲಿಕಾರ್ಜುನಯ್ಯ. ಇನಾಯತುಲ್ಲಾ ಹಾಗೆಯೇ ಮಾಡುತ್ತಿದ್ದ. ಮೊದಮೊದಲು ಕೈ ಅಳುಕಿತ್ತು, ಆಮೇಲೆ ಅಭ್ಯಾಸವಾಯಿತು.

ಅರವತ್ತೆರಡನೆಯ ಇಸವಿಯ ಒಂದು ಸಂಜೆ, ಆರೂವರೆಗೆ, ಬಡವನಹಳ್ಳಿಯ ಕಡೆಯ ಲಕ್ಕಮ್ಮನ ಬಲಗೈ ಯಂತ್ರದ ಬೆಲ್ಟಿಗೆ ಸಿಕ್ಕಿತು. ಇನಾಯತುಲ್ಲಾನೇ ಅವಳನ್ನು ಜಟಕಾದಲ್ಲಿ ಆಸ್ಪತ್ರೆಗೆ ಕರೆದುಕೊಂಡು ಹೋದ. ಎರಡು ಬೆರಳು ಹೋದವು.

ಮರುದಿನ ಅವನು ಪರಿಹಾರದ ಮಾತೆತ್ತಿದಾಗ ಸಾಹುಕಾರರು ಪುಸ್ತಕವನ್ನು ಅವನತ್ತ ತಳ್ಳಿದರು.

"ನೋಡು, ಐದಕ್ಕೆ ಹೋದ್ಲು ಅಂತ ನೀನೇ ಬರ್ದಿದ್ದೀಯ. ಆರೂವರೆಗೆ ಮತ್ತೆ ಒಳಗೆ ಯಾಕೆ ಬಂದ್ಲು? ಕಾಯಿ ಕದಿಯೋಕೆ ತಾನೇ?"

ಇನಾಯತುಲ್ಲಾ ಪುಟ ನೋಡಿದ. ಅಕ್ಷರಗಳು ಅವನವೇ, ದುಂಡಗೆ, ಚೊಕ್ಕವಾಗಿ ಕೂತಿದ್ದವು.

ಆಸ್ಪತ್ರೆಗೆ ಹೋದರೆ ಸುದ್ದಿ ಆಗಲೇ ಲಕ್ಕಮ್ಮನಿಗೆ ಮುಟ್ಟಿತ್ತು. "ನನ್ನ ಕಳ್ಳಿ ಅಂತಾವ್ರಂತೆ ಸಾಬ್ರೆ. ಹಾಜ್ರಿ ಬರ್ಕೊಳ್ಳೋರು ನೀವಲ್ವಾ? ನೀವಾದ್ರೂ ಯೋಳಿ."

ಅವನು ತಲೆ ತಗ್ಗಿಸಿಕೊಂಡು ಎದ್ದುಬಂದ. ಮನೆಯಲ್ಲಿ ಹೆಂಡತಿ ಸಾಬೀರಾ ಎಲ್ಲ ಕೇಳಿ, "ನಿಜ ಹೇಳಿದ್ರೆ ಕೆಲ್ಸ ಹೋಗುತ್ತೆ. ಹೇಳದಿದ್ರೆ ನೀವು ಊಟ ಮಾಡಲ್ಲ, ನಂಗೊತ್ತು" ಎಂದಳು. ಅಷ್ಟೇ ಹೇಳಿ ಒಳಗೆ ಹೋದಳು.

ವಾರ ಕಳೆದು ತುಮಕೂರಿನಿಂದ ಫ್ಯಾಕ್ಟರಿ ಇನ್ಸ್‌ಪೆಕ್ಟರು ವಿಚಾರಣೆಗೆ ಬಂದರು. ಪುಟ ತಿರುವಿ, "ಬರಹ ನಿಮ್ಮದೇನ್ರೀ?" ಎಂದು ಕೇಳಿದರು.

"ನಂದೇ ಸ್ವಾಮಿ. ಬರೆದಿರೋದು ಸುಳ್ಳು."

ಸಾಹುಕಾರರು ದಡಕ್ಕನೆ ಎದ್ದರು. ಇನಾಯತುಲ್ಲಾ ಅವರತ್ತ ನೋಡದೆ ಹಾಳೆಯೊಂದರ ಮೇಲೆ ಕೊಡದ ಕೂಲಿಯ ಲೆಕ್ಕ ಹಾಕಿದ. ದಿನಕ್ಕೆ ಎರಡು ಗಂಟೆ, ವಾರಕ್ಕೆ ಹನ್ನೆರಡು, ಎರಡರಷ್ಟು ಕೂಲಿಯಂತೆ ಗಂಟೆಗೆ ನಾಲ್ಕಾಣೆ. ಸುಗ್ಗಿ ಶುರುವಾಗಿ ಹದಿಮೂರು ವಾರ. ಒಬ್ಬೊಬ್ಬಳಿಗೆ ಮೂವತ್ತೊಂಬತ್ತು ರೂಪಾಯಿ. ಹಿಂದಿನ ವರ್ಷಗಳದ್ದನ್ನೂ ಬರೆಯಹೊರಟಾಗ ಇನ್ಸ್‌ಪೆಕ್ಟರು, "ಸಾಕು" ಎಂದರು.

ಅಂದೇ ಅವನ ಕೆಲಸ ಹೋಯಿತು. ಸುಳ್ಳು ಪುಸ್ತಕ ಬರೆದದ್ದಕ್ಕೆ ಸಾಹುಕಾರರ ಜೊತೆ ಅವನಿಗೂ ದಂಡ ಬಿತ್ತು. ಹೆಂಗಸರ ಕೈಗೆ ಬಂದದ್ದು ಅರ್ಧ ದುಡ್ಡು. ಲಕ್ಕಮ್ಮನ ಪರಿಹಾರ ಒಂದು ವರ್ಷ ಕಳೆದ ಮೇಲೆ ಬಂತು.

ಶಿರಾದಲ್ಲಿ ಭಾವಮೈದುನನ ಅಂಗಡಿಗೆ ಸೇರುವ ಮುನ್ನ ಅವನು ಅವಳನ್ನು ನೋಡಲು ಹೋದ. ಜಗುಲಿಯ ಮೇಲೆ ಕೂತು ಎಡಗೈಯಲ್ಲಿ ಅವರೆಕಾಯಿ ಸುಲಿಯುತ್ತಿದ್ದಳು.

"ಕ್ಷಮಿಸು ಕಣಮ್ಮ" ಎಂದ.

ಅವಳ ದನಿಯಲ್ಲಿ ಸಿಟ್ಟಿರಲಿಲ್ಲ. "ಮೊದ್ಲಿಂದ್ಲೂ ಏಳು ಅಂತ್ಲೇ ಬರ್ದಿದ್ರೆ, ಎರಡರಷ್ಟು ಕೊಡೋಕಾಗ್ದೆ ಆವಯ್ಯ ನಮ್ಮನ್ನ ಐದಕ್ಕೇ ಬುಟ್ಬುಡ್ತಿದ್ದ. ಅಲ್ವಾ ಸಾಬ್ರೆ?"

ಇನಾಯತುಲ್ಲಾ ಹೌದೆಂದು ತಲೆಯಾಡಿಸಿದ. ಅವಳು ಮೊರವನ್ನು ಪಕ್ಕಕ್ಕೆ ಸರಿಸಿ, ಅವನು ಕೂರಲು ಜಾಗ ಮಾಡಿದಳು. ಅವನಿಗೆ ಕೂರಲಾಗಲಿಲ್ಲ.