ಪುಕ್ಕಲಣ್ಣನ ಲೈಸೆನ್ಸು

ಮಗಳು ಅಪ್ಪನ ಚೀಲದೊಳಗೆ ಮೊಣಕೈವರೆಗೂ ಕೈ ಹಾಕಿ ವಾಷರ್ ಹುಡುಕುತ್ತಿದ್ದಳು. ಅವನ ಸಾವಿಗೆ ಬಂದವರೆಲ್ಲ ತಿರುಗಿಸಿ ತಿರುಗಿಸಿ ಅಂಗಳದ ನಲ್ಲಿಗೊಂದು ಗತಿ ಕಾಣಿಸಿದ್ದರು. ಅದು ಸೋರುತ್ತಲೇ ಇತ್ತು.

"ಪ್ಲಂಬರ್ ಮನೆ ನಲ್ಲಿನೇ ಸೋರತ್ತೆ ನೋಡಿ," ಎಂದ ಪಕ್ಕದ ಮನೆಯ ಟೈಲರ್. ಒಂದಿಬ್ಬರು ನಕ್ಕರು. ಒಳಗೆ ಹೆಣ ಇರುವುದು ನೆನಪಾಗಿ ಮುಖ ಸಪ್ಪಗೆ ಮಾಡಿಕೊಂಡರು.

ಅವಳ ಕೈಗೆ ವಾಷರ್ ಸಿಗಲಿಲ್ಲ. ಕಾಗದ ಸುತ್ತಿದ ಭಾರದ್ದೊಂದು ಸಿಕ್ಕಿತು. ಬಿಚ್ಚಿ ನೋಡಿದಳು. ಹಿತ್ತಾಳೆಯ ಸೇಫ್ಟಿ ವಾಲ್ವ್, ಸೀಲು ಕೂಡ ಒಡೆದಿರಲಿಲ್ಲ.

ಅದು ಈ ಚೀಲದಲ್ಲಿ ಇರಬೇಕಾದ್ದಲ್ಲ. ಹುಡುಗಿಯರ ಹಾಸ್ಟೆಲ್ಲಿನ ಹೊಸ ಗ್ಯಾಸ್ ಬಾಯ್ಲರಿನ ನೆತ್ತಿಯ ಮೇಲೆ ಕೂತಿರಬೇಕಾದ್ದು. ಬಾಯ್ಲರಿಗೆ ಒತ್ತಡ ಕೊಟ್ಟು ಪರೀಕ್ಷೆ ಮಾಡುವಾಗ ಈ ವಾಲ್ವ್ ಕೂರಿಸದೆ, ಅದರ ಬಾಯಿಗೆ ಪ್ಲಗ್ ಜಡಿಯುತ್ತಾರೆ. ಇಲ್ಲದಿದ್ದರೆ ವಾಲ್ವ್ ತಾನಾಗಿ ತೆರೆದುಕೊಂಡು ಒತ್ತಡವೇ ನಿಲ್ಲುವುದಿಲ್ಲ. ಪರೀಕ್ಷೆ ಮುಗಿದ ಮೇಲೆ ಪ್ಲಗ್ ತೆಗೆದು ವಾಲ್ವ್ ಕೂರಿಸಬೇಕು. ಮರೆತು ಬೆಂಕಿ ಹಚ್ಚಿದರೆ ಬಿಸಿ ಏರಿದಾಗ ಹಬೆಗೆ ಹೊರಹೋಗಲು ದಾರಿಯಿಲ್ಲ. ಬಾಯ್ಲರೇ ಬಾಂಬಾಗುತ್ತದೆ.

ನಿನ್ನೆ ಸಂಜೆ ಅಪ್ಪ ಬಂದವನೇ ಚೀಲ ಮೂಲೆಗಿಟ್ಟು, "ಮುಗೀತಮ್ಮ," ಎಂದಿದ್ದ. ಉಂಡು ಮಲಗಿದವನು ಏಳಲೇ ಇಲ್ಲ. ಇವತ್ತು ರಜೆ ಮುಗಿದು ಹಾಸ್ಟೆಲ್ ತೆರೆಯುವ ದಿನ. ಅವಳು ವಾರ್ಡನ್ನಿಗೆ ಫೋನು ಮಾಡಿದಳು. ರಿಂಗಾಯಿತು, ರಿಂಗಾಗುತ್ತಲೇ ಹೋಯಿತು. ಯಾರೂ ಎತ್ತಲಿಲ್ಲ.

*

ಅಪ್ಪನನ್ನು ಜನ ಪುಕ್ಕಲಣ್ಣ ಎನ್ನುತ್ತಿದ್ದರು. ಸುಮ್ಮನೆ ಇಟ್ಟ ಹೆಸರಲ್ಲ. ಕೆಲಸ ಮುಗಿಸಿ ಅರ್ಧ ದಾರಿ ಬಂದವನು, ಜಾಯಿಂಟು ಸೋರಿದರೆ ಏನು ಗತಿ ಎಂದು ತಿರುಗಿ ಹೋಗಿ ಮುಟ್ಟಿ ನೋಡಿ ಬರುತ್ತಿದ್ದ. ಒಮ್ಮೆ ಉಣ್ಣುತ್ತಿದ್ದ ತಟ್ಟೆ ಬಿಟ್ಟು ಎದ್ದು ಹೋಗಿದ್ದೂ ಉಂಟು. ಲೈಸೆನ್ಸ್ ಇದ್ದ ಕಂಟ್ರಾಕ್ಟರ ಕೈಕೆಳಗೆ ತಲೆ ನರೆಯುವವರೆಗೂ ದುಡಿದ. ಬೆವರು ಇವನದು, ಸಹಿ ಅವರದು.

ಕಡೆಗೂ ಮನಸ್ಸು ಮಾಡಿ ಲೈಸೆನ್ಸ್ ಪರೀಕ್ಷೆಗೆ ಕೂತ. ಎರಡು ಸಲ ಫೇಲಾದ. ಅವನು ಜೋಡಿಸಿದ ಪೈಪಿನಿಂದ ಒಂದು ಹನಿ ತೊಟ್ಟಿಕ್ಕಿರಲಿಲ್ಲ. ಆದರೆ ಗಂಟೆ ಬಾರಿಸಿದಾಗಲೂ ಅವನಿನ್ನೂ ಜಾಯಿಂಟುಗಳನ್ನು ತಡವುತ್ತ ಕೂತಿದ್ದ. ಮೂರನೆಯ ಸಲಕ್ಕೆ ಮಗಳೇ ಮೇಷ್ಟ್ರಾದಳು. ಅವನ ಜೊತೆ ಕೆಲಸಕ್ಕೆ ಹೋಗಿ ಹೋಗಿ ಅವಳಿಗೂ ಕೈ ಕುದುರಿತ್ತು. ಅಡುಗೆಮನೆಯಲ್ಲಿ ಗಡಿಯಾರ ಎದುರಿಗಿಟ್ಟುಕೊಂಡು, ಕೊನೆಯ ಬಿಗಿ ಆದ ತಕ್ಷಣ ಅವನ ಕೈಯಿಂದ ರೆಂಚು ಕಸಿದುಕೊಳ್ಳುತ್ತಿದ್ದಳು.

"ಒಂದೇ ಒಂದ್ಸಲ ಮುಟ್ಟಿ ನೋಡ್ಲಾ?"

"ಬೇಡ. ಮುಗೀತು ಅಂತ ಹೇಳಿ ಎದ್ದು ಬಾ. ತಿರುಗಿ ನೋಡಿದ್ರೆ ಇವತ್ತು ಕಾಫಿ ಇಲ್ಲ."

"ರಾಕ್ಷಸಿ ಕಣೇ ನೀನು," ಎನ್ನುತ್ತ ಏಳುತ್ತಿದ್ದ.

ಪಾಸಾದ. ಲೈಸೆನ್ಸ್ ಬಂತು. ಅದಕ್ಕೆಂದು ತೆಗೆಸಿದ ಫೋಟೋದಲ್ಲೂ ಹೆದರಿದ ಮುಖವೇ. ಈಗ ಅದನ್ನೇ ದೊಡ್ಡದು ಮಾಡಿಸಿ ಹೆಣದ ತಲೆಯ ಬಳಿ ಇಟ್ಟಿದ್ದರು. ಸ್ವಂತ ಲೈಸೆನ್ಸಿನಲ್ಲಿ ಹಿಡಿದ ಮೊದಲ ಕೆಲಸ ಆ ಹಾಸ್ಟೆಲ್ಲಿನದು.

ಮಗಳು ವಾಲ್ವನ್ನು ಮುಷ್ಟಿಯಲ್ಲಿ ಹಿಡಿದು ಎದ್ದಳು. ತಿರುಗಿ ನೋಡಬೇಡ ಎಂದು ಅವನಿಗೆ ಕಲಿಸಿದವಳು ಅವಳೇ.

*

ವಾಲ್ವಿನ ವಿಷಯ ಹೇಳಿ ಹಾಸ್ಟೆಲ್ಲಿಗೆ ಹೊರಟೆ ಎಂದದ್ದೇ ಸೋದರಮಾವ ಅವಳನ್ನು ಅಡುಗೆಮನೆಗೆ ಎಳೆದುಕೊಂಡು ಹೋದ.

"ಇನ್ನೇನು ಸ್ಮಶಾನದ ಗಾಡಿ ಬರೋ ಹೊತ್ತು. ಮಗಳೇ ಇಲ್ಲ ಅಂದ್ರೆ ಜನ ಏನಂದ್ಕೋತಾರೆ?"

"ಅಲ್ಲಿ ಹುಡುಗೀರಿದಾರೆ, ಮಾವ."

"ಯಾರನ್ನಾದ್ರೂ ಕಳಿಸೋಣ."

"ಯಾರನ್ನ? ಇಲ್ಲಿರೋರಲ್ಲಿ ಯಾರಿಗೆ ಬಾಯ್ಲರ್ ಗೊತ್ತು?"

ಮಾವ ದನಿ ತಗ್ಗಿಸಿದ. "ನೋಡು, ಭಾವ ವಾಲ್ವ್ ಮರೆತ್ರು ಅಂತ ಒಬ್ಬರ ಬಾಯಿಗೆ ಬಿದ್ರೆ ಊರಿಗೇ ಗೊತ್ತಾಗುತ್ತೆ. ಜೀವಮಾನ ತೇದು ತಗೊಂಡ ಲೈಸೆನ್ಸು. ಹೆಣ ಎತ್ತೋಕೆ ಮುಂಚೆನೇ ಹೆಸರಿಗೆ ಮಸಿ ಬಳೀತೀಯಾ?"

ಬಾಗಿಲಲ್ಲಿ ಅಮ್ಮ ನಿಂತಿದ್ದಳು. ಮಗಳ ಕೈಯಲ್ಲಿದ್ದುದನ್ನು ನೋಡಿದಳು.

"ಹೋಗು," ಎಂದಳು. "ಗಾಡಿ ಬಂದ್ರೆ ನಾನು ನಿಲ್ಲಿಸ್ಕೋತೀನಿ. ಅವರಿಗೇನು ಇನ್ಮೇಲೆ ಅವಸರ."

*

ಆಟೋದಲ್ಲಿ ಅವಳು ಚೀಲವನ್ನು ಅವುಚಿ ಹಿಡಿದು ಕೂತಿದ್ದಳು. ಎಲ್ಲೋ ಲಾರಿಯ ಟೈರು ಢಬ್ಬೆಂದಿತು. ಕಣ್ಣು ಮುಚ್ಚಿಕೊಂಡಳು. ಹಾಸ್ಟೆಲ್ಲಿನ ದಿಕ್ಕಿಗೆ ಹೊಗೆ ಕಂಡಂತಾಯಿತು. ಹತ್ತಿರ ಹೋದರೆ ಯಾರೋ ಕಸ ಸುಡುತ್ತಿದ್ದರು. ಅಪ್ಪ ಇಷ್ಟು ವರ್ಷ ಹೊತ್ತು ತಿರುಗಿದ ಹೆದರಿಕೆಯೆಲ್ಲ ಒಟ್ಟಿಗೆ ತನ್ನ ಹೊಟ್ಟೆಗೆ ಇಳಿದಿದೆ ಅನ್ನಿಸಿತು. ಬೈಯಲೂ ಆಗಲಿಲ್ಲ, ಅಳಲೂ ಆಗಲಿಲ್ಲ.

ಗೇಟಿನಲ್ಲಿ ಟ್ರಂಕು, ಹಾಸಿಗೆ ಸುರುಳಿಗಳ ರಾಶಿ. ಅವಳು ಮೆಟ್ಟಿಲು ಹಾರಿಕೊಂಡು ಮೇಲಿನ ಮಹಡಿಗೆ ಓಡಿದಳು. ಬಚ್ಚಲುಗಳ ಪಕ್ಕದಲ್ಲೇ ಬಾಯ್ಲರಿನ ಕೋಣೆ. ವಾರ್ಡನ್ ಸೊಂಟದ ಮೇಲೆ ಕೈಯಿಟ್ಟು ಬಾಗಿಲಲ್ಲೇ ನಿಂತಿದ್ದರು.

"ಹಚ್ಚಿದೀರಾ?" ಎಂದಳು. ಉಸಿರು ಸಾಲಲಿಲ್ಲ.

"ಎಲ್ಲಮ್ಮ ಹಚ್ಚೋದು? ಬೆಳಗ್ಗಿಂದ ಕಾಯ್ತಾ ಇದೀವಿ. ಫೋನು ಮಾಡೋಣ ಅಂದ್ರೆ ಅದನ್ನ ಕೆಳಗೇ ಬಿಟ್ಟು ಬಂದಿದೀನಿ, ಈ ಮಕ್ಕಳ ಗಲಾಟೆಲಿ ಇಳಿಯೋಕೇ ಆಗಿಲ್ಲ. ನಾನೇ ಹಚ್ಚಿಬಿಡೋಣ ಅಂತ ಎರಡು ಸಲ ಬಂದೆ. ಆ ಗೋಡೆ ನೋಡಿ ಧೈರ್ಯ ಬರಲಿಲ್ಲ."

ಮಗಳು ತಿರುಗಿದಳು. ಹೊಸದಾಗಿ ಸುಣ್ಣ ಬಳಿದ ಗೋಡೆಯ ಮೇಲೆ ಇದ್ದಿಲಿನಲ್ಲಿ, ಒಂದೊಂದು ಅಕ್ಷರವೂ ಅಂಗೈಯಗಲ: 'ರಾತ್ರಿಯೆಲ್ಲ ಒತ್ತಡದಲ್ಲಿ ಇಟ್ಟಿದೆ. ನಾನು ಬರುವ ತನಕ ಹಚ್ಚಬೇಡಿ.' ಕೆಳಗೆ ಲೈಸೆನ್ಸ್ ನಂಬರು. ಪ್ರತಿ ಅಕ್ಷರದ ಮೇಲೂ ಎರಡೆರಡು ಸಲ ಇದ್ದಿಲು ಓಡಿಸಿದ್ದ.

ಮುಗೀತು ಎಂದು ಹೇಳಿ ಬಂದಿದ್ದರೂ ಅಪ್ಪ ಮರೆತಿರಲಿಲ್ಲ, ಬೆಳಗ್ಗೆ ಬಂದು ಇನ್ನೊಮ್ಮೆ ಮುಟ್ಟಿ ನೋಡಿಯೇ ವಾಲ್ವ್ ಕೂರಿಸುವವನಿದ್ದ. ಅವಳ ಹೆದರಿಕೆ ಇಳಿಯಿತು. ಅದು ಇಳಿದದ್ದೇ ತಡ, ಬೆಳಗಿನಿಂದ ಬಾರದಿದ್ದ ಅಳು ಉಕ್ಕಿ ಬಂತು.

"ಅಯ್ಯೋ, ಯಾಕಮ್ಮ? ಅಪ್ಪ ಎಲ್ಲಿ, ಹಿಂದೆ ಬರ್ತಿದಾರಾ?" ವಾರ್ಡನ್ ಮೆಟ್ಟಿಲ ಕಡೆ ನೋಡಿದರು.

ಗೋಡೆಯ ಆ ಬರಹದ ಕೆಳಗೆ, ಖಾಲಿ ಬಕೆಟ್ಟುಗಳನ್ನು ಮುಂದಿಟ್ಟುಕೊಂಡು ಸಾಲಾಗಿ ಕೂತಿದ್ದ ಹುಡುಗಿಯರೂ ಮೆಟ್ಟಿಲ ಕಡೆ ತಿರುಗಿದರು.