ಗಿಂಡಿಯೊಳಗಿನ ರೇವಾ

ತಗಡಿನ ತೂತಿನಿಂದ ಇಳಿದ ಬೆಳಕು ಈಗ ಹಾಸಿಗೆ ಹಿಡಿದ ನನ್ನ ಗಂಡನ ಮೊಣಕಾಲಿನ ಮೇಲಿದೆ, ಆಗಲೇ ಪಾದದ ಮೇಲಿತ್ತು, ಎದೆಗೆ ಬರುವ ಹೊತ್ತಿಗೆ ನಾಲ್ಕು ಗಂಟೆಯಾಗುತ್ತದೆ, ಅಷ್ಟು ಹೊತ್ತು ಇರುತ್ತಾರೋ ಇಲ್ಲವೋ — ಮೊಳೆ ಕಿತ್ತುಬಂದ ತೂತು ಅದು, ಕಿಟಕಿಗೆ ತಗಡು ಬಡಿದವರು ಇವರೇ, ಇಪ್ಪತ್ತಾರು ವರ್ಷದ ಹಿಂದೆ, ಸುಮಿ ಹೋದ ಹದಿಮೂರನೆಯ ದಿನ, ಬಾಯಲ್ಲಿ ಮೊಳೆ ಕಚ್ಚಿಕೊಂಡು, ಮಗಳನ್ನು ನುಂಗಿದ ನದಿ ಕಣ್ಣಿಗೆ ಬೀಳಬಾರದು ಅಷ್ಟೆ. ಕಾಣದಿದ್ದರೆ ಕೇಳದೆ ಇರುತ್ತದೆಯೇ. ಈಗಲೂ ಕೇಳುತ್ತಿದೆ, ಉಬ್ಬರದ ಹೊತ್ತು, ಸಮುದ್ರ ಒಳಗೆ ನುಗ್ಗಿ ರೇವಾ ಹಿಂದಕ್ಕೆ ಹರಿಯುವ ಹೊತ್ತು, ದಿನಕ್ಕೆರಡು ಸಲ ತಾನು ಒಯ್ದದ್ದನ್ನು ವಾಪಸ್ ತರಲಿಕ್ಕೇ ನದಿ ಹೀಗೆ ತಿರುಗುತ್ತದೆ ಎಂದು ನಂಬಿ ನಾನು ಎಷ್ಟು ದಿನ ದಡದಲ್ಲಿ ನಿಂತೆ, ತೆಂಗಿನ ಸಿಪ್ಪೆ ತಂದಿತು, ಬಾಳೆಯ ದಿಂಡು ತಂದಿತು, ಯಾರದೋ ಸತ್ತ ಹಂದಿಯನ್ನೂ ತಂದಿತು. ಇವರು ಕಣ್ಣು ಬಿಟ್ಟರು. ಗೂಡಿನ ಕಡೆ ನೋಡುತ್ತಿದ್ದಾರೆ, ಹನುಮಂತನ ಪಟದ ಕೆಳಗೆ ತಾಮ್ರದ ಗಿಂಡಿ, ಬಾಯಿಗೆ ಜೇನುಮೇಣ, ಬೆಳಿಗ್ಗೆಯಿಂದ ಇದು ಮೂರನೆಯ ಸಲ. ಏ, ಗಂಗೆ ಕೊಡು. ಕೊಡ್ತೀನಿ, ಇನ್ನೂ ಹೊತ್ತಾಗಿಲ್ಲ. ಹೊತ್ತು ನಿನಗೇನು ಗೊತ್ತು, ಹೋಗೋನು ನಾನು. ಇಂಥ ಹೊತ್ತಿನಲ್ಲೂ ಮಾತಿಗೆ ಮಾತು ಬಿಡದ ಮನುಷ್ಯ. ಉಸಿರು ಕೂಡಿಸಿಕೊಂಡು ಮತ್ತೆ, ಅದಿಲ್ಲ ಅಂದ್ರೆ ಟ್ಯಾಂಕಿನ ಮಳೆನೀರು ಬಿಡು, ಆ ಕೊಲೆಗಾತಿಯ ನೀರು ಮಾತ್ರ ಒಂದು ಹನಿ ನನ್ನ ಬಾಯಿಗೆ ಬರಬಾರದು, ಗೊತ್ತಾಯ್ತಾ. ಗೊತ್ತಾಯ್ತು ಎಂದೆ. ಗಿಂಡಿಯಲ್ಲಿ ಗಂಗೆ ಇಲ್ಲ. ಇರುವುದು ರೇವಾ, ಅದೂ ಸುಮಿ ಮುಳುಗಿದ ಮಡುವಿನದೇ, ನಾನೇ ತುಂಬಿಸಿ ಮೇಣ ಹಚ್ಚಿದ್ದು, ಇದು ಇವರಿಗೆ ಗೊತ್ತಿಲ್ಲ.

ಗಿಂಡಿ ಬಂದದ್ದು ಇವರ ಅಜ್ಜಿಯ ಮಡಿಲಲ್ಲಿ, ಕಲ್ಕತ್ತೆಯಿಂದ ಹಡಗಿನಲ್ಲಿ, ಕಬ್ಬಿನ ಕೂಲಿಗೆಂದು ಐದು ವರ್ಷದ ಕರಾರಿಗೆ ಹೆಬ್ಬೆಟ್ಟು ಒತ್ತಿ ಬಂದವಳು, ದಾರಿಯಲ್ಲಿ ಗಂಡನನ್ನು ಕಳೆದುಕೊಂಡಳಂತೆ, ಜಾತಿಯನ್ನು ಕಳೆದುಕೊಂಡಳಂತೆ, ಗಿಂಡಿಯನ್ನು ಮಾತ್ರ ಬಿಡಲಿಲ್ಲ, ಇಲ್ಲಿ ಫಿಜಿಯ ನೌಸೋರಿಯಲ್ಲಿ ಇಳಿದು ಈ ನದಿಯ ಹೆಸರೇನು ಎಂದು ಕೇಳಿದಾಗ ರೇವಾ ಎಂದರಂತೆ, ಅಯ್ಯೋ, ರೇವಾ ಅಂದ್ರೆ ನರ್ಮದೆ ಅಲ್ವಾ, ನಮಗಿಂತ ಮುಂಚೆ ಬಂದು ಕೂತಿದಾಳೆ ಎಂದು ನಕ್ಕಳಂತೆ. ಇದನ್ನು ಅತ್ತೆ ಹೇಳಿದ್ದು ನಾನು ಮದುವೆಯಾಗಿ ಬಂದ ವಾರ, ಒಲೆಯ ಮುಂದೆ, ನಿನ್ನ ರೊಟ್ಟೀಲಿ ಫಿಜಿಯ ಮುನ್ನೂರು ದ್ವೀಪಾನೂ ಕಾಣ್ತವೆ ನೋಡು ಎಂದು ಆಡಿಕೊಳ್ಳುತ್ತ. ಮನೆಯಲ್ಲಿ ಯಾರು ಹೊರಟರೂ ಮೇಣ ಬಿಡಿಸಿ ಒಂದು ಚಮಚ, ಮತ್ತೆ ಮೇಣ. ಅಜ್ಜಿಗೆ ಕೊಟ್ಟರು, ಮಾವನಿಗೆ ಕೊಟ್ಟರು, ಇನ್ನೂ ಅರ್ಧ ಗಿಂಡಿ ಉಳಿದಿತ್ತು. ಸುಮಿಗೆ ಕೊಡಲು ಸುಮಿಯೇ ಸಿಗಲಿಲ್ಲ. ಆಗ ಇವರು ದೋಣಿಯವರು, ಈ ದಡದ ಮಕ್ಕಳನ್ನು ಆಚೆ ದಡದ ಶಾಲೆಗೆ ದಾಟಿಸುವವರು, ಹುಟ್ಟು ಹಾಕುತ್ತಲೇ ಬೊಗಸೆಯಲ್ಲಿ ನೀರು ಮೊಗೆದು ಕುಡಿಯುತ್ತಿದ್ದರು, ಕುಡಿದೇ ಹೇಳುತ್ತಿದ್ದರು ಗುಡ್ಡದಲ್ಲಿ ಮಳೆಯಾಗಿದೆ, ಉಬ್ಬರ ಹತ್ತಿರ ಬಂತು, ಮೇಲೆ ಯಾರೋ ಗದ್ದೆ ಉಳುತ್ತಿದ್ದಾರೆ. ಆ ಬೆಳಿಗ್ಗೆ ನೀರು ಕೆಂಪಗಿತ್ತು, ಇವರು ಹಗ್ಗ ಬಿಚ್ಚದೆ ನಿಂತು, ಇವತ್ತು ಬೇಡ, ನೀರಿನ ಬುದ್ಧಿ ಸರಿ ಇಲ್ಲ ಎಂದರು. ನಾನೇ ಅಂದದ್ದು, ಪರೀಕ್ಷೆ ಇದೆ ಅವಳಿಗೆ, ನಿಮಗೆ ಹೆಸರು ಬರೆಯೋಕೆ ಬರಲ್ಲ ಅಂತ ಅವಳೂ ಹುಟ್ಟು ಹಾಕ್ಕೊಂಡೇ ಇರಬೇಕಾ. ಆರು ಮಕ್ಕಳ ಎದುರಿಗೆ ಅಂದೆ. ಇವರು ನನ್ನ ಮುಖ ನೋಡಿದರು, ಹಗ್ಗ ಬಿಚ್ಚಿದರು. ಸುಮಿಯ ಜಡೆಗೆ ಹಳದಿ ರಿಬ್ಬನ್, ಬಿಚ್ಚಿಕೊಳ್ಳಬಾರದೆಂದು ಎರಡು ಗಂಟು ಬಿಗಿದಿದ್ದೆ, ನೋಯತ್ತೆ ಅಮ್ಮಾ ಎಂದಳು, ಸುಮ್ನಿರು ಎಂದೆ, ನಾನು ಅವಳಿಗೆ ಹೇಳಿದ ಕೊನೆಯ ಮಾತು ಅದು, ಸುಮ್ನಿರು. ನಡುನದಿಯಲ್ಲಿ ಬುಡಸಮೇತ ತೇಲಿಬಂದ ಮರ, ದೋಣಿ ಮಗುಚಿದ್ದನ್ನು ಕಂಡೆ, ಇವರು ಒಂದೊಂದೇ ಮಗುವನ್ನು ಎಳೆದು ಮರದ ಬೇರಿಗೆ ಹತ್ತಿಸುವುದನ್ನು ಕಂಡೆ. ದೋಣಿಯವನದು ಒಂದು ನೇಮ, ಹತ್ತುವಾಗಲೂ ಇಳಿಯುವಾಗಲೂ ಊರಿನವರು ಮೊದಲು, ತನ್ನವರು ಕೊನೆಗೆ. ಐದು ಮಕ್ಕಳು ಬೇರು ಹಿಡಿದರು. ಇವರು ತಿರುಗುವ ಹೊತ್ತಿಗೆ ನೀರಿನ ಮೇಲೆ ಹಳದಿ ರಿಬ್ಬನ್ ಇತ್ತು, ಒಳಗೆ ಹೋಯಿತು, ಮೇಲೆ ಬಂತು, ಒಳಗೆ ಹೋಯಿತು. ಅಂದಿನಿಂದ ಇವರು ದೋಣಿ ಮುಟ್ಟಲಿಲ್ಲ, ಅಕ್ಕಿ ಗಿರಣಿಯಲ್ಲಿ ಮೂಟೆ ಹೊತ್ತರು, ಮಳೆನೀರನ್ನೇ ಕುಡಿದರು, ಅಲ್ಲಿಯವರೆಗೆ ನನ್ನನ್ನು ಸುಮಿ ಅಮ್ಮಾ ಎಂದು ಕರೆಯುತ್ತಿದ್ದವರು ಏ ಎನ್ನತೊಡಗಿದರು. ಆದರೆ ನೀನೇ ಅಲ್ವಾ ಕಳಿಸಿದ್ದು ಎಂದು ಒಂದು ದಿನ, ಕುಡಿದ ದಿನ ಕೂಡ, ಅನ್ನಲಿಲ್ಲ. ಅಂದಿದ್ದರೆ ಜಗಳವಾಡಿ ಅತ್ತು ಹಗುರಾಗುತ್ತಿದ್ದೆ.

ಹನ್ನೊಂದು ದಿನ ಹುಡುಕಿದರು. ಆಚೆ ದಡದ ಹಳ್ಳಿಯ ಲಿತಿಯಾ, ಮುಳುಗಿ ತಳದ ಚಿಪ್ಪು ಹೆಕ್ಕುವವಳು, ದಿನವೂ ಮುಳುಗಿದಳು, ಮೇಲೆ ಬಂದಾಗೆಲ್ಲ ನನ್ನ ಕಡೆ ನೋಡದೆ ತಲೆಯಾಡಿಸುತ್ತಿದ್ದಳು. ಅವರ ಹಳ್ಳಿಯವರು ಆ ತಿರುವಿನಲ್ಲಿ ಕೋಲು ನೆಟ್ಟು ತೆಂಗಿನ ಗರಿ ಕಟ್ಟಿ ನೂರು ದಿನ ಬಲೆ ಹಾಕಲಿಲ್ಲ, ಚಿಪ್ಪು ತೆಗೆಯಲಿಲ್ಲ, ತಮ್ಮ ಮನೆಯವರು ಸತ್ತರೆ ಮಾಡುವಂತೆ. ನಾವು ಸುಮಿಯ ಬದಲಿಗೆ ದರ್ಭೆಯ ಗೊಂಬೆ ಮಾಡಿ ಸುಟ್ಟೆವು. ಪಂಡಿತರು ಗೊಂಬೆಯ ಬಾಯಿಗೆ ಒಂದು ಚಮಚ ಗಂಗೆ ಬಿಡಿಸಿದರು, ಮಗುವಿಗೆ ಮುಟ್ಟತ್ತೆ ತಾಯಿ, ನಂಬು. ಹುಲ್ಲು ಒದ್ದೆಯಾದದ್ದು ಕಂಡಿತು, ಮಗುವಿಗೆ ಮುಟ್ಟಿದ್ದು ಕಾಣಲಿಲ್ಲ. ಮರುದಿನ ಮಧ್ಯಾಹ್ನ ಗಿಂಡಿಯನ್ನು ಸೆರಗಿನಲ್ಲಿ ಮುಚ್ಚಿಕೊಂಡು ಲಿತಿಯಾಳ ದೋಣಿ ಹತ್ತಿದೆ, ಹಳೇ ಮಾವಿನಮರದ ಎದುರಿಗೆ ನಿಲ್ಲಿಸು ಎಂದೆ, ಸುಮಿ ಮುಳುಗಿದ ಆ ಮಡುವಿಗೆ ಗಂಗೆ ಅಷ್ಟನ್ನೂ ಸುರಿದೆ. ಏನೇ ಧನ್‌ಪತಿ ಇದು. ಮಗೂಗೆ ನೀರು ಕೊಡ್ತಿದೀನಿ. ನದೀಲಿರೋಳಿಗೆ ನೀರು ಕೊಡ್ತಾರೇನೇ. ಇದು ಬೇರೆ ನೀರು ಲಿತಿಯಾ. ಹಾಗಾದ್ರೆ ತಳದಲ್ಲಿ ಒಂದು ಹನೀನೂ ಬಿಡಬೇಡ, ಚೆನ್ನಾಗಿ ಬಗ್ಗಿಸು ಎಂದಳು. ಬಗ್ಗಿಸಿದೆ. ಬರಿದಾದ ಗಿಂಡಿ ಕೈಗೆ ಹಗುರವಾಗಿ ಹೆದರಿಕೆಯಾಯಿತು, ಮಗುವನ್ನು ಇಳಿಸಿ ಬರಿಗೈಯಲ್ಲಿ ಮನೆಗೆ ಹೋಗುವುದು ಹೇಗೆ, ಅಲ್ಲೇ ಮುಳುಗಿಸಿ ತುಂಬಿಕೊಂಡೆ. ಅತ್ತೆ ಹೋಗುವಾಗ ಅದನ್ನೇ ಕೊಟ್ಟೆ, ನಾಲಿಗೆ ಚಪ್ಪರಿಸಿ, ಗಂಗೆ ಗಂಗೇನೇ ಕಣೇ ಎಂದರು, ನಾನು ಮತ್ತೆ ಮೇಣ ಹಚ್ಚಿದೆ. ಬದಲಾಯಿಸಬಹುದಿತ್ತು. ಪಂಡಿತರ ಮಗ ಹರಿದ್ವಾರಕ್ಕೆ ಹೋಗಿಬಂದು ಪ್ಲಾಸ್ಟಿಕ್ ಬಾಟಲಿಯಲ್ಲಿ ತಂದುಕೊಟ್ಟ, ಚಿಕ್ಕಮ್ಮಾ ಇಟ್ಕೊಳ್ಳಿ, ನಿಜವಾದ್ದು. ನಮ್ಮಲ್ಲಿದೆಯಪ್ಪಾ ಎಂದು ಹಿಂದಕ್ಕೆ ಕಳಿಸಿದೆ. ಅದನ್ನು ತುಂಬಬೇಕಾದರೆ ಇದನ್ನು ಚೆಲ್ಲಬೇಕು, ಇದರಲ್ಲಿ ಅವಳಿದ್ದಾಳೆ, ಅವಳನ್ನು ಎರಡನೆಯ ಸಲ ಚೆಲ್ಲಲು ನನಗೆ ಕೈ ಬರಲಿಲ್ಲ, ಅಷ್ಟೆ, ಇದರಲ್ಲಿ ಬೇರೆ ಗುಟ್ಟೇನೂ ಇಲ್ಲ.

ಬೆಳಕು ಹೊಟ್ಟೆ ದಾಟಿತು. ಉಸಿರು ಎರಡು ಬಂದು ಒಂದು ನಿಲ್ಲುತ್ತಿದೆ. ಟ್ಯಾಂಕಿನ ನೀರು ತಂದುಬಿಡಲೇ, ಇದೇ ಗಂಗೆ ಎನ್ನಲೇ, ಇನ್ನೊಂದು ಸುಳ್ಳು ಅಷ್ಟೆ, ಶಾಂತವಾಗಿ ಹೋಗುತ್ತಾರೆ — ಆದರೆ ಮಳೆನೀರಿನಲ್ಲಿ ಯಾರಿದ್ದಾರೆ. ನಿಜ ಹೇಳಿದರೆ ಬಾಯಿ ಮುಚ್ಚಿಕೊಂಡು ಒಣಗಂಟಲಲ್ಲೇ ಹೋಗುತ್ತಾರೆ, ನನ್ನ ಮೇಲೆ ಕೋಪ ಹೊತ್ತುಕೊಂಡು ಹೋಗುತ್ತಾರೆ, ಹೋಗಲಿ, ಅದಾದರೂ ನನಗೆ ಸಲ್ಲಬೇಕಾದದ್ದು. ಸುಮಿ ಅಮ್ಮಾ. ಯಾರು ಕರೆದದ್ದು. ಇವರೇ, ತುಟಿ ಅಲುಗುತ್ತಿದೆ, ಸುಮಿ ಅಮ್ಮಾ, ಈಗ ಕೊಡು. ಇಪ್ಪತ್ತಾರು ವರ್ಷದ ಮೇಲೆ ಆ ಹೆಸರು ಕೇಳಿ ಕೈ ತಾನಾಗಿ ಗಿಂಡಿ ಇಳಿಸಿತು, ಮೇಣ ಉಗುರಿಗೆ ಅಂಟಿಕೊಂಡಿತು, ಒಂದು ಚಮಚ, ಬಾಯಿಗೆ ಬಿಟ್ಟೆ. ನುಂಗಲಿಲ್ಲ. ನಾಲಿಗೆಯ ಮೇಲೆ ಇಟ್ಟುಕೊಂಡರು, ಹುಬ್ಬು ಗಂಟಿಕ್ಕಿತು, ದೋಣಿಯಲ್ಲಿ ಕೂತು ನೀರಿನ ಬುದ್ಧಿ ನೋಡುತ್ತಿದ್ದರಲ್ಲ, ಅದೇ ಮುಖ. ಉಗಿಯುತ್ತಾರೆಂದು ಗಲ್ಲದ ಕೆಳಗೆ ಬಟ್ಟೆ ಹಿಡಿದೆ. ಕಣ್ಣು ನನ್ನ ಮೇಲೆ ನಿಂತಿತು, ನಿಂತೇ ಇತ್ತು. ಆಮೇಲೆ ಗಂಟಲ ಮಣಿ ಮೇಲೆ ಹೋಯಿತು, ಕೆಳಗೆ ಬಂತು. ನುಂಗಿದರು. ಗಂಗೇನ ಎಲ್ಲಿ ಸುರಿದೆ, ಎಂದರು. ಮಾವಿನಮರದ ಎದುರಿಗೆ. ಎಲ್ಲಾನೂ? ಎಲ್ಲಾನೂ, ಒಂದು ಹನಿ ಬಿಟ್ಟಿಲ್ಲ. ಹೊರಗೆ ಉಬ್ಬರ ತಿರುಗಿ ನದಿ ಮತ್ತೆ ಸಮುದ್ರದ ಕಡೆ ಹೊರಟ ಸದ್ದು, ಆಮೇಲೆ ಬಹಳ ಸಣ್ಣ ದನಿಯಲ್ಲಿ ಕೇಳಿದರು, ಅವಳಿಗೆ ಸಿಕ್ತಾ. ನನಗೆ ಗೊತ್ತಿಲ್ಲ, ಹೌದು ಎನ್ನಬೇಕು, ಹೌದು ಎನ್ನು, ಇಷ್ಟೊಂದು ಸುಳ್ಳು ಹೇಳಿದವಳಿಗೆ ಇದೊಂದು ಬರುತ್ತಿಲ್ಲ, ಇವರು ಮತ್ತೆ ಬಾಯಿ ತೆರೆದಿದ್ದಾರೆ, ಇನ್ನೊಂದು ಚಮಚಕ್ಕೆ, ಬಿಡುತ್ತೇನೆ, ಗಂಟಲ ಮಣಿ ಮೇಲೆ ಹೋಯಿತು, ಕೆಳಗೆ ಬಂತು, ಮೇಲೆ ಹೋಯಿತು, ನಿಂತಿತು, ಬೆಳಕು ಎದೆಯ ಮೇಲಿದೆ, ನೋಯತ್ತೆ ಅಮ್ಮಾ, ಎರಡು ಗಂಟು, ನಾನೇ ಬಿಗಿದದ್ದು, ಕೆಂಪು ನೀರು, ಹಳದಿ ರಿಬ್ಬನ್, ಒಳಗೆ ಹೋಯಿತು, ಮೇಲೆ ಬಂತು, ಹಳದಿ ರಿಬ್ಬನ್